ತನ್ನ ಮುಖ ತಾನೇ ಬರೆಯುವವರು

ಹಿಂದೆ ಯಕ್ಷಗಾನದ ಚೌಕಿಯಲ್ಲಿ, ಅಂದರೆ ವೇಷ ಕಟ್ಟುವ ಜಾಗದಲ್ಲಿ, ಎಲ್ಲರಿಗಿಂತ ಕೊನೆಗೆ ಕನ್ನಡಿ ಹಿಡಿಯುತ್ತಿದ್ದವರು ಬಣ್ಣದ ವೇಷದವರು, ರಕ್ಕಸರ ಪಾತ್ರ ಮಾಡುವವರು. ಈಗ ಎಲ್ಲರಿಗಿಂತ ಮೊದಲು.

ಕಾಸರಗೋಡಿನ ಕುಂಬಳೆಯ ಆಚೆ ಒಂದು ದೇವಸ್ಥಾನದ ಗದ್ದೆಯಲ್ಲಿ ಆಟ. ಸಂಜೆ ಐದೂವರೆ. ಸ್ತ್ರೀವೇಷದವರು ಇನ್ನೂ ಬಸ್ಸಿಳಿದಿಲ್ಲ, ಚೆಂಡೆ ಚೀಲದಿಂದ ಹೊರಗೆ ಬಂದಿಲ್ಲ. ಅರುವತ್ತು ದಾಟಿದ ಒಬ್ಬರು ಮಾತ್ರ ಪೆಟ್ಟಿಗೆಗೆ ಬೆನ್ನು ಕೊಟ್ಟು ಚಾಪೆಯಲ್ಲಿ ಕೂತು ಮುಖಕ್ಕೆ ತೆಂಗಿನೆಣ್ಣೆ ತಿಕ್ಕುತ್ತಿದ್ದರು. "ಎಂತ ಅಣ್ಣ, ಇಷ್ಟು ಬೇಗ?" ಎಂದೆ. "ಮೊದಲೆಲ್ಲ ಊಟ ಮಾಡಿ ಒಂದು ನಿದ್ದೆ ತೆಗೆದು ಏಳ್ತಿದ್ದೆ ಮಾರಾಯ. ಆಗ ನಾನು ಏಳ್ತಿದ್ದ ಹೊತ್ತಿಗೆ ಈಗ ಆಟವೇ ಮುಗೀತದೆ."

ತೆಂಕುತಿಟ್ಟಿನ, ಅಂದರೆ ಯಕ್ಷಗಾನದ ತೆಂಕಣ ಶೈಲಿಯ, ಬಣ್ಣದ ವೇಷ ಹೇಗೆ ಬದಲಾಯಿತು ಎಂಬ ಕಥೆ ಹೆಚ್ಚುಕಡಿಮೆ ಈ ಒಂದು ಮಾತಿನಲ್ಲಿದೆ. ಆದರೂ ಬಿಡಿಸಿ ಹೇಳಬೇಕು. ಯಾಕೆಂದರೆ ಇದು ವೇಷ ಹಾಕುವವನ ಕಥೆಯಷ್ಟೇ ಅಲ್ಲ, ವೇಷವನ್ನು ರೂಪಿಸುವವನ ಕಥೆಯೂ ಹೌದು. ಇಲ್ಲಿ ಇಬ್ಬರೂ ಒಬ್ಬರೇ.

ಅವರ ಎದುರಿನ ಗೆರಟೆಯಲ್ಲಿ ಬೆಳ್ತಿಗೆ ಅಕ್ಕಿ ಅರೆದು ಸುಣ್ಣ ಕೂಡಿಸಿದ ಹಿಟ್ಟು ಇತ್ತು. ಕೆಂಪು, ಕಪ್ಪು, ಹಳದಿಗಳ ಗೆರೆ ಎಳೆದಾದ ಮೇಲೆ ಆ ಹಿಟ್ಟನ್ನು ಕಡ್ಡಿಯ ತುದಿಯಲ್ಲಿ ಎತ್ತಿ, ಹುಬ್ಬಿನ ಮೇಲೆ, ಕೆನ್ನೆಯ ಸುತ್ತ, ಗೆರೆ ಹೋದ ಹಾಗೆ ಒಂದೊಂದೇ ಮುಳ್ಳು ಇಡುತ್ತ ಹೋಗಬೇಕು. ಇದೇ ಚುಟ್ಟಿ. ಒಂದು ಸಾಲು ಒಣಗದೆ ಅದರ ಮೇಲೆ ಇನ್ನೊಂದು ನಿಲ್ಲುವುದಿಲ್ಲ. ಮಧ್ಯೆ ನಗುವ ಹಾಗಿಲ್ಲ, ಕೆಮ್ಮಿದರೆ ಹೋಯಿತು. ಮೂರು ಗಂಟೆ ಏನೂ ಹೆಚ್ಚಲ್ಲ. ಮುಖ ಒಣಗಿ ಬಿಗಿದ ಮೇಲೆ ಕೇಸರಿತಟ್ಟಿ ಎಂಬ ದೊಡ್ಡ ಕಿರೀಟ ಏರಿಸಿಕೊಂಡು, ತೆರೆಯ ಹಿಂದೆ ನಿಂತು ಆರ್ಭಟ ಕೊಡಬೇಕು. ರಾಜಬಣ್ಣ, ಕಾಟುಬಣ್ಣ, ಹೆಣ್ಣುಬಣ್ಣ ಎಂದು ಜಾತಿಗಳಿದ್ದರೂ ಅಚ್ಚಿನ ಮುಖ ಎಂಬುದಿಲ್ಲ. ಅಗಲ ಹಣೆಯವನು ಒಂದು ಥರ ಬರೆದುಕೊಂಡರೆ ಗುಳಿಗೆನ್ನೆಯವನು ಇನ್ನೊಂದು ಥರ. ಹಳಬರು ಗದ್ದೆಯ ಕೊನೆಯಲ್ಲಿ ಕೂತೇ, ಮಾತು ಕೇಳುವ ಮೊದಲು, ಚುಟ್ಟಿಯ ಮೇಲಿಂದ "ಇಂಥವರು" ಎಂದು ಹೇಳುತ್ತಿದ್ದರು.

ಚುಟ್ಟಿ ಎಂಬ ಮಾತು ಮಲೆಯಾಳದಲ್ಲೂ ಉಂಟು, ಕಥಕಳಿಯಲ್ಲೂ ಉಂಟು. ಅಲ್ಲಿ ಮಾತ್ರ ವೇಷಧಾರಿ ನೆಲದ ಮೇಲೆ ಅಂಗಾತ ಮಲಗುತ್ತಾನೆ. ಚುಟ್ಟಿಯವನು ತಲೆಯ ಕಡೆ ಕೂತು ದವಡೆಯ ಸುತ್ತ ಬಿಳಿ ಅಂಚು ಕಟ್ಟುತ್ತಾನೆ. ಅದು ಪ್ರತ್ಯೇಕ ಕಸುಬು, ಕೇರಳ ಕಲಾಮಂಡಲದಲ್ಲಿ ಪ್ರತ್ಯೇಕ ಪಾಠ. ಚಂದ್ರಗಿರಿ ಹೊಳೆ ದಾಟಿ ಅಲ್ಲಿನ ದೈವಾರಾಧನೆಯಾದ ತೆಯ್ಯಂ ನೋಡಲು ಹೋದರೂ ಹಾಗೆಯೇ, ಕೋಲಧಾರಿಯ ಮುಖ ಬರೆಯುವವರು ಬೇರೆ. ಹೊಳೆಯ ಈಚೆ ನಮ್ಮ ರಾವಣ ತನ್ನ ಮುಖವನ್ನು ಕೈಗನ್ನಡಿಯಲ್ಲಿ ತಾನೇ ನೋಡಿ ಬರೆದುಕೊಳ್ಳುತ್ತಾನೆ. ಇಷ್ಟು ಹತ್ತಿರ ಇದ್ದೂ ಈ ಒಂದು ವಿಷಯದಲ್ಲಿ ಎರಡು ಕಡೆಯವರೂ ತಮ್ಮ ಪದ್ಧತಿ ಬಿಡಲಿಲ್ಲ.

ತೆಂಕುತಿಟ್ಟು ಕಥಕಳಿಯಿಂದ ಎಷ್ಟು ಪಡೆಯಿತು, ಎಷ್ಟು ಕೊಟ್ಟಿತು ಎಂಬುದು ಹಳೇ ಜಗಳ. ಅದರ ಜೊತೆಗೇ ಕುಂಬಳೆಯ ಯಕ್ಷಗಾನ ಕವಿ ಪಾರ್ತಿಸುಬ್ಬನ ಜಗಳವೂ ಇದೆ. ರಾಮಾಯಣದ ಪ್ರಸಂಗಗಳು, ಅಂದರೆ ಆಟದ ಹಾಡುಗಳ ಕೃತಿಗಳು, ಅವನವೇ ಎಂದು ಮುಳಿಯ ತಿಮ್ಮಪ್ಪಯ್ಯ, ಕುಕ್ಕಿಲ ಕೃಷ್ಣ ಭಟ್ಟರು ವಾದಿಸಿದರು. ಶಿವರಾಮ ಕಾರಂತರು ಒಪ್ಪಲಿಲ್ಲ. ವಿದ್ವಾಂಸರೆಲ್ಲ ಜಗಳಾಡಿದ್ದು ಹಾಡು ಯಾರದೆಂದು. ಮುಖ ಯಾರದೆಂದು ಯಾರೂ ಕೇಳಲಿಲ್ಲ. ಬರೆದ ಮುಖ ಬೆಳಗಾಗುವಷ್ಟರಲ್ಲಿ ಎಣ್ಣೆಯಲ್ಲಿ ಕರಗಿ ಹೋಗುತ್ತಿತ್ತು. ಓಲೆಗರಿಯಲ್ಲಿ ಉಳಿಯುವ ವಸ್ತು ಅಲ್ಲವಲ್ಲ.

ಉಳಿದದ್ದು ಹೆಸರಿನಲ್ಲಿ. ಬಣ್ಣದ ಕುಟ್ಯಪ್ಪು, ಬಣ್ಣದ ಮಾಲಿಂಗ: ಕಸುಬು ಹೋಗಿ ಹೆಸರಿನ ಮುಂದೆ ಕೂತುಬಿಟ್ಟಿದೆ. ಚಂದ್ರಗಿರಿ ಅಂಬು ಎಂದರೆ ಹೊಳೆಯ ಹೆಸರು ಹೊತ್ತ ಬಣ್ಣದ ವೇಷ. ಈ ದಾರಿಗೆ ಬಂದವರೂ ಉಳಿದವರ ಹಾಗೆ ಕೋಡಂಗಿ, ಬಾಲಗೋಪಾಲ ಎಂಬ ಕಲಿಕೆಯ ವೇಷಗಳಿಂದ ಮೆಟ್ಟಿಲು ಹತ್ತಿದವರೇ. ಕುಣಿತ ರಂಗದಲ್ಲಿ ನೋಡಿ ಕಲಿತದ್ದು, ಚುಟ್ಟಿ ಹಿರಿಯರ ಪಕ್ಕ ಕೂತು ಹಿಟ್ಟು ಅರೆದು ಕೊಡುತ್ತ ಕಲಿತದ್ದು. ಎರಡನೇ ಬಣ್ಣದಿಂದ ಒಂದನೇ ಬಣ್ಣಕ್ಕೆ ಏರುವಾಗ ಕೆಲವರಿಗೆ ತಲೆ ನರೆತಿರುತ್ತಿತ್ತು.

ಮೊದಲ ಪೆಟ್ಟು ಬಿದ್ದದ್ದು ಬೆಳಕಿನಿಂದ. ದೊಂದಿ, ದೀಟಿಗೆಗಳ ಕಾಲದಲ್ಲಿ ಜ್ವಾಲೆ ಒಂದು ಕಡೆ ನಿಲ್ಲುತ್ತಿರಲಿಲ್ಲ. ಜ್ವಾಲೆ ಅಲ್ಲಾಡಿದ ಹಾಗೆ ಚುಟ್ಟಿಯ ಒಂದೊಂದು ಮುಳ್ಳಿನ ನೆರಳೂ ಅಲ್ಲಾಡಿ, ವೇಷಧಾರಿ ಸುಮ್ಮನೆ ನಿಂತರೂ ಮುಖ ಕುದಿಯುತ್ತಿತ್ತು. ಮುಖದಿಂದ ಮುಳ್ಳು ಎದ್ದು ನಿಲ್ಲಬೇಕಾದದ್ದು ಈ ಕಾರಣಕ್ಕೆ. ಹಳದಿಗೆ ಅರದಾಳ, ಕೆಂಪಿಗೆ ಇಂಗಳೀಕ. ಮೊದಲನೆಯದು ಆರ್ಸೆನಿಕ್, ಎರಡನೆಯದು ಪಾದರಸ ಇರುವ ಕಲ್ಲು. ಇಡೀ ತಿರುಗಾಟ, ಮೇ ತಿಂಗಳಲ್ಲಿ ಆಟ ಮುಗಿಯುವ ಪತ್ತನಾಜೆಯವರೆಗೆ, ದಿನಾ ರಾತ್ರಿ ಅದನ್ನು ಮುಖಕ್ಕೆ ಬಳಿದುಕೊಂಡವರ ಚರ್ಮ ಏನಾಗಿರಬೇಡ! ಆಮೇಲೆ ಗ್ಯಾಸ್‌ಲೈಟು ಬಂತು, ಅದರ ಹಿಂದೆ ಕರೆಂಟು. ಬೆಳಕು ಎದುರಿನಿಂದ, ಎಲ್ಲ ಕಡೆಯಿಂದ, ಒಂದೇ ಸಮ. ನೆರಳು ಸತ್ತಿತು. ಎದ್ದು ನಿಂತ ಚುಟ್ಟಿಯೂ ಬರೀ ಬಿಳಿ ಚುಕ್ಕಿಯೂ ದೂರದಿಂದ ಒಂದೇ ಕಾಣತೊಡಗಿದರೆ ಮೂರು ಗಂಟೆ ಯಾರು ಕೂರುತ್ತಾರೆ?

ಎರಡನೇ ಪೆಟ್ಟು ಡೇರೆಯದ್ದು. 1950ರ ದಶಕದಿಂದ ಟಿಕೇಟಿನ ಆಟಗಳು ಹೆಚ್ಚಿದವು. 1956ರ ನವೆಂಬರ್ 1ಕ್ಕೆ ಕಾಸರಗೋಡು ಕೇರಳಕ್ಕೆ ಹೋಯಿತು. 1984ರ ಮೇ 24ಕ್ಕೆ, ಸರಿಯಾಗಿ ಪತ್ತನಾಜೆಯ ಹೊತ್ತಿಗೆ, ಜಿಲ್ಲೆಯೂ ಆಯಿತು. ಮೇಳಗಳು ಮಾತ್ರ ಗಡಿಯ ತಲಪಾಡಿಯ ಗೇಟು ಲೆಕ್ಕಿಸದೆ ಅತ್ತಿಂದಿತ್ತ ತಿರುಗಿದವು. ಟಿಕೇಟು ಕೊಟ್ಟವರು ಕೇಳಿದ್ದು ಮಾತು, ಹಾಸ್ಯ, ಕಥೆ. ನಮ್ಮ ನೆಲದವರೇ ಆದ ಶೇಣಿ ಗೋಪಾಲಕೃಷ್ಣ ಭಟ್ಟರಂಥವರು (1918–2006) ಅರ್ಥಗಾರಿಕೆಯನ್ನು, ಅಂದರೆ ಪಾತ್ರದ ಮಾತುಗಾರಿಕೆಯನ್ನು, ಏರಿಸಿದ ಎತ್ತರದಲ್ಲಿ ಆರ್ಭಟ ಕೊಟ್ಟು ನಾಲ್ಕು ಮಾತಾಡುವ ಬಣ್ಣಕ್ಕೆ ಜಾಗ ಕಿರಿದಾಯಿತು. ಚುಟ್ಟಿ ಬಿಗಿದ ಬಾಯಲ್ಲಿ ಉದ್ದ ಅರ್ಥ ಹೇಳಲಿಕ್ಕಾಗುವುದಿಲ್ಲ ಎಂಬುದೂ ನಿಜ. ತುಳುನಾಡಿನ ವೀರರಾದ ಕೋಟಿ ಚೆನ್ನಯರ ಕಥೆಯ ಹಾಗೆ ತುಳು ಪ್ರಸಂಗಗಳು ಬಂದಾಗ ಅಲ್ಲಿ ರಕ್ಕಸರೇ ಇಲ್ಲ. ನಾಟಕದ ಅಂಗಿ, ಪೌಡರು ಸಾಕಾಯಿತು. ತುಳು ಆಟಗಳನ್ನು ಬಯ್ಯುವವರ ಗುಂಪಿನಲ್ಲಿ ನಾನಿಲ್ಲ, ಸೋತು ಸುಣ್ಣವಾಗಿದ್ದ ಎಷ್ಟೋ ಮೇಳಗಳಿಗೆ ಅನ್ನ ಹಾಕಿದ್ದು ಅವು. ಬಣ್ಣದವರಿಗೆ ಮಾತ್ರ ಕೆಲಸ ಕಡಿಮೆಯಾಯಿತು.

ಈ ನಡುವೆ ಯಕ್ಷಗಾನಕ್ಕೆ ಆಸರೆ ಕೊಟ್ಟವರೂ ಇದ್ದರು. ಎಡನೀರು ಮಠದ ಕೇಶವಾನಂದ ಭಾರತೀ ಸ್ವಾಮಿಗಳನ್ನು ದೇಶವೆಲ್ಲ 1973ರ ಸಂವಿಧಾನದ ತೀರ್ಪಿನ ಹೆಸರಾಗಿ ಬಲ್ಲದು, ಕಾನೂನು ಓದುವ ಮಕ್ಕಳು ಅವರು ಕೇಸಿನ ಹೊರಗೂ ಇದ್ದರು ಎಂದು ತಿಳಿದಂತಿಲ್ಲ. 2020ರ ಸೆಪ್ಟೆಂಬರಿನಲ್ಲಿ ತೀರಿಕೊಳ್ಳುವವರೆಗೆ ನಮಗೆ ಅವರು ಭಾಗವತಿಕೆ ಮಾಡುವ, ಅಂದರೆ ಆಟಕ್ಕೆ ಹಾಡುವ, ಸ್ವಾಮಿಗಳು.

ಈಗಿನದು ಕಾಲಮಿತಿ. ಬೆಳಗಿನವರೆಗಿನ ಆಟ ನಡುರಾತ್ರಿಗೇ ಮಂಗಳ ಹಾಡುತ್ತದೆ. ಮೊದಲು ಬಣ್ಣದ ಪ್ರವೇಶ ಬೆಳಗಿನ ಜಾವಕ್ಕೆ; ಎದುರಿಗೆ ಕೂತ ಅರ್ಧ ಮಂದಿ ತೂಕಡಿಸುವಾಗ ಆ ಅಬ್ಬರಕ್ಕೆ ಮಕ್ಕಳು ಚೀರಿ ಏಳಬೇಕು, ಅದು ಲೆಕ್ಕ. ಈಗ ಯಾರೂ ನಿದ್ದೆಯಲ್ಲಿಲ್ಲ, ಎಬ್ಬಿಸುವ ಕೆಲಸವೂ ಇಲ್ಲ. ಅದರ ಮೇಲೆ ಮೊಬೈಲು. ಅಂಗೈಯ ಪರದೆಗೆ ಹಿಗ್ಗಿಸಿ ನೋಡಿದರೆ ಚುಟ್ಟಿಯ ಬಿರುಕು, ಕಿವಿಯ ಹಿಂದೆ ಬಣ್ಣ ತಾಗದ ಚರ್ಮ, ಎಲ್ಲ ಕಾಣುತ್ತದೆ. ಗದ್ದೆಯ ಕೊನೆಯವನಿಗೆಂದು ಬರೆದ ಮುಖವನ್ನು ಒಂದು ಗೇಣು ದೂರದಿಂದ ನೋಡುವವನಿಗೆ ಹೊಂದಿಸುವುದು ಹೇಗೆ ಎಂದು ಇವರಿಗೆ ಯಾವ ಗುರುವೂ ಹೇಳಿಕೊಟ್ಟಿರಲಿಲ್ಲ. ವಿಚಿತ್ರವೆಂದರೆ ಕ್ಯಾಮೆರಾದ ಆಸೆಗೇ ಕೆಲವು ಹುಡುಗರು ಮತ್ತೆ ದಪ್ಪ ಚುಟ್ಟಿ ಇಡುತ್ತಿದ್ದಾರೆ. ಫೋಟೋದಲ್ಲಿ ಚಂದ ಬರ್ತದೆ ಅಂತೆ.

ಬಣ್ಣ ಬರೆಯುವ ಕೆಲಸ ವೇಷಧಾರಿಯ ಕೈಬಿಟ್ಟದ್ದು ನಿಜವಾಗಿ ಬೇರೆ ಕಡೆ. ಕೇರಳದ ಶಾಲಾ ಕಲೋತ್ಸವದಲ್ಲಿ ಯಕ್ಷಗಾನಕ್ಕೂ ಸ್ಪರ್ಧೆಯಿದೆ. 2019ರಲ್ಲಿ ನಮ್ಮ ಜಿಲ್ಲೆಯ ಕಾಞಂಗಾಡಿನಲ್ಲೇ ರಾಜ್ಯಮಟ್ಟದ ಕಲೋತ್ಸವ ನಡೆಯಿತು. ಸ್ಪರ್ಧೆಯ ದಯೆಯಿಂದ ಕನ್ನಡ ಬಾರದ ಮನೆಯ ಮಕ್ಕಳೂ ಕುಣಿಯುತ್ತಾರೆ, ಅದು ಸಣ್ಣ ಮಾತಲ್ಲ. ಆದರೆ ವೇಷ ಬಾಡಿಗೆಯದು, ಮುಖ ಬರೆಯುವವರೂ ಬಾಡಿಗೆಗೇ. ನಾನು ಶಾಲೆಯಲ್ಲಿ ಒಮ್ಮೆ ಅಂಥ ಸಾಲಿನಲ್ಲಿ ಕೂತಿದ್ದೆ. ಬಣ್ಣದಾತ ಒಂದೇ ಕಡ್ಡಿಯಲ್ಲಿ ಸಾಲಾಗಿ ಎಲ್ಲರಿಗೂ ಹುಬ್ಬು ಎಳೆಯುತ್ತ ಬಂದ. ದೇವೇಂದ್ರನಿಗೂ ನನಗೂ, ಅಂದರೆ ರಕ್ಕಸನಿಗೂ, ಒಂದೇ ಹುಬ್ಬು. ಅಮ್ಮ ಎದುರಲ್ಲಿ ಕೂತು ಕೊನೆಯವರೆಗೂ ಬೇರೆ ಹುಡುಗನನ್ನು ನಾನೆಂದು ನೋಡಿದಳು.

ಲೆಕ್ಕ ಹೀಗಿದೆ: ಸಾಲಿನಲ್ಲಿ ಬರೆದವನಿಗೆ ಮುಖಕ್ಕೆ ಇಷ್ಟೆಂದು ಕೂಲಿ ಉಂಟು. ಮೇಳದಲ್ಲಿ ಮೂರು ಗಂಟೆ ಕೂತು ತನ್ನ ಮುಖ ಬರೆದುಕೊಂಡವನಿಗೆ ಸಂಬಳ ವೇಷಕ್ಕೆ ಮಾತ್ರ, ಬರೆದದ್ದಕ್ಕಲ್ಲ.

ಇದನ್ನೇ ಆ ಅಣ್ಣನಿಗೆ ಹೇಳಿದೆ. ಎಡ ಕೆನ್ನೆಯ ಚುಟ್ಟಿ ಅರ್ಧ ಆಗಿತ್ತು, ತುಟಿ ಅಲ್ಲಾಡಿಸದೆ ಮಾತಾಡಬೇಕಿತ್ತು.

"ನನ್ನನ್ನೂ ಕರೆದಿದ್ರು ಶಾಲೆಗೆ. ಒಂದು ಮುಖಕ್ಕೆ ಹತ್ತು ನಿಮಿಷ ಅಂದ್ರು."

"ಮತ್ತೆ?"

"ಹತ್ತು ನಿಮಿಷದಲ್ಲಿ ನನಗೆ ಮೂಗು ಸಹ ಆಗುವುದಿಲ್ಲ" ಎಂದು ಕಡ್ಡಿಯನ್ನು ಗೆರಟೆಗೆ ಅದ್ದಿದರು.