ಲೆವಿ ಸೆಲೆರಿಯೊ: ಸಿನಿಮಾ ಹಾಡು ಬರೆದರು, ಎಲೆಯನ್ನೂ ನುಡಿಸಿದರು

ಫಿಲಿಪ್ಪೀನ್ಸ್ ಸಿನಿಮಾ ಸಂಗೀತದ ಬಗ್ಗೆ ಓದುವಾಗ ಲೆವಿ ಸೆಲೆರಿಯೊ ಹೆಸರು ಮತ್ತೆ ಮತ್ತೆ ಎದುರಾಗುತ್ತದೆ. ಸುಮ್ನೆ 'ಸಂಗೀತ ಸಂಯೋಜಕ' ಎಂದು ಬರೆದುಕೊಂಡು ಮುಂದೆ ಹೋಗಬೇಡಿ. ಅವರ ಎಷ್ಟೋ ಪ್ರಸಿದ್ಧ ಹಾಡುಗಳಲ್ಲಿ ರಾಗ ಬೇರೆಯವರದು, ಸಾಹಿತ್ಯ ಮಾತ್ರ ಇವರದು. ನೋಟ್ಸ್‌ನಲ್ಲಿ ಇವೆರಡಕ್ಕೂ ಬೇರೆ ಬೇರೆ ಕಾಲಂ ಹಾಕಿಕೊಳ್ಳಿ, ಗೊಂದಲ ಅರ್ಧ ಕಡಿಮೆಯಾಗುತ್ತದೆ.

ಹಿನ್ನೆಲೆ ಇಷ್ಟು ಸಾಕು: 1910ರಲ್ಲಿ ಮನಿಲಾದ ಟೋಂಡೊದಲ್ಲಿ ಹುಟ್ಟಿದರು. ವಿದ್ಯಾರ್ಥಿವೇತನದಿಂದ ಸಂಗೀತ ಕಲಿತರು. ಮನಿಲಾ ಸಿಂಫನಿ ಆರ್ಕೆಸ್ಟ್ರಾಕ್ಕೆ ಸೇರಿದಾಗ ಅಲ್ಲಿದ್ದವರಲ್ಲೆಲ್ಲ ಇವರೇ ಚಿಕ್ಕವರು.

ಈಗ ಕಾಲಂ ತುಂಬೋಣ. 'ಸಾ ಉಗೊಯ್ ನಂಗ್ ದುಯಾನ್' ತೊಟ್ಟಿಲ ಹಾಡು. ರಾಗ ಲೂಸಿಯೊ ಸಾನ್ ಪೆದ್ರೊ ಅವರದು. ತೊಟ್ಟಿಲ ಹಾಡು ಅಂದಮೇಲೆ ತಾಯಿ ಮಗುವಿಗೆ ಹಾಡುವುದು ತಾನೇ? ಇಲ್ಲಿ ಹಾಗಿಲ್ಲ. ಬೆಳೆದು ದೊಡ್ಡವರಾದವರು ಅಮ್ಮನ ಪಕ್ಕದಲ್ಲಿದ್ದ ದಿನಗಳನ್ನು ನೆನೆದು, ಆ ಹಳೆಯ ತೊಟ್ಟಿಲಲ್ಲೇ ಮತ್ತೆ ಮಲಗಬೇಕು ಅನ್ನುತ್ತಾರೆ. ಹಾಡುವವರನ್ನೇ ಬದಲಾಯಿಸಿದ್ದು ಸೆಲೆರಿಯೊ ಜಾಣತನ. ಅವರ ಒಂದೇ ಹಾಡು ಕೇಳಲು ಸಮಯವಿದ್ದರೆ ಇದನ್ನೇ ಕೇಳಿ.

'ಗಾನೊ ಕೊ ಇಕಾವ್ ಕಮಹಲ್' ಪ್ರೇಮಗೀತೆ. ಇದರ ರಾಗ ಎರ್ನಾನಿ ಕ್ವೆಂಕೊ ಅವರದು. ಪಿಯಾನೊ, ಚೆಲ್ಲೊ ಎರಡನ್ನೂ ಕಲಿತಿದ್ದ ಕ್ವೆಂಕೊ ಸಿನಿಮಾಗಳಿಗೆ ಹಿನ್ನೆಲೆ ಸಂಗೀತ ಕೊಡುತ್ತಿದ್ದರು, ಜೊತೆಗೆ ಮೇಷ್ಟರಾಗಿಯೂ ಇದ್ದರು. ಇನ್ನು ಕ್ರಿಸ್‌ಮಸ್ ಬಂದರೆ ಊರೆಲ್ಲ ಕೇಳಿಸುವ 'ಆಂಗ್ ಪಾಸ್ಕೊ ಆಯ್ ಸುಮಾಪಿಟ್' ರಾಗ 1933ರಲ್ಲಿ ಫಿಲಿಪ್ಪೀನ್ಸ್‌ನ ಸೆಬು ದ್ವೀಪದಲ್ಲಿ ಹುಟ್ಟಿದ್ದು. ರಾಗ ವಿಸೆಂಟೆ ರೂಬಿ, ಅಲ್ಲಿನ ಸೆಬುವಾನೊ ಭಾಷೆಯ ಸಾಹಿತ್ಯ ಮಾರಿಯಾನೊ ವೆಸ್ಟಿಲ್. ಮನಿಲಾ ಕಡೆಯ ಟ್ಯಾಗಲಾಗ್ ಭಾಷೆಯ ಸಾಹಿತ್ಯ ಸೆಲೆರಿಯೊ. ಆ ಇಬ್ಬರ ಹೆಸರು ಎಷ್ಟು ಜನರಿಗೆ ಗೊತ್ತು ಹೇಳಿ! ಮೊದಲು ಹಾಡು ಕಟ್ಟಿದವರಿಗಿಂತ ಟ್ಯಾಗಲಾಗ್ ಮಾತು ಕೊಟ್ಟವರ ಹೆಸರೇ ಜಾಸ್ತಿ ಉಳಿಯಿತು.

ಅವರು ನಾಲ್ಕು ಸಾವಿರಕ್ಕೂ ಹೆಚ್ಚು ಹಾಡು ಬರೆದರು ಎಂಬ ಲೆಕ್ಕವಿದೆ. ಅಷ್ಟೂ ಸಿನಿಮಾ ಹಾಡು ಅಂದುಕೊಳ್ಳಬೇಡಿ. ಜಾನಪದ, ಕ್ರಿಸ್‌ಮಸ್, ಪ್ರೇಮಗೀತೆ ಎಲ್ಲವೂ ಸೇರಿದೆ. ಸಿನಿಮಾ ನಂಟು ಮಾತ್ರ ಗಟ್ಟಿಯಾಗಿತ್ತು: ಅವರ ಹಲವು ಹಾಡುಗಳ ಹೆಸರೇ ಸಿನಿಮಾ ಹೆಸರಾಯಿತು. ಫಿಲಿಪ್ಪೀನ್ಸ್ ಫಿಲ್ಮ್ ಅಕಾಡೆಮಿ ಜೀವಮಾನ ಸಾಧನೆ ಪ್ರಶಸ್ತಿ ಕೊಟ್ಟಿತು. 1997ರಲ್ಲಿ 'ರಾಷ್ಟ್ರೀಯ ಕಲಾವಿದ' ಗೌರವ ಬಂತು, ಸಂಗೀತ ಮತ್ತು ಸಾಹಿತ್ಯ ಎರಡಕ್ಕೂ ಸೇರಿಸಿ. ಸರಿಯಾದ ತೀರ್ಮಾನ, ಅಲ್ವಾ? 2002ರಲ್ಲಿ ತೀರಿಕೊಂಡರು.

ಕೊನೆಯದು ಎಲೆ. ವೇದಿಕೆಯಲ್ಲಿ ಜನ ಬಾಯಿಬಿಟ್ಟು ನೋಡುತ್ತಿದ್ದುದು ಇದನ್ನೇ. ಹಸಿ ಎಲೆಯ ಅಂಚನ್ನು ತುಟಿಗೆ ಒತ್ತಿ ಊದಿದರೆ ಅಂಚು ಅದುರಿ ನಾದ ಬರುತ್ತದೆ. ಬೆರಳಿಟ್ಟು ಸ್ವರ ಹಿಡಿಯಲು ತೂತುಗಳಿಲ್ಲ. ಎಲೆಯನ್ನು ಎಷ್ಟು ಬಿಗಿ ಹಿಡಿದಿದ್ದೀರಿ, ಎಷ್ಟು ಜೋರಾಗಿ ಊದುತ್ತೀರಿ ಅನ್ನುವುದರ ಮೇಲೆ ಸ್ವರ ಏರುತ್ತದೆ, ಇಳಿಯುತ್ತದೆ. ಶ್ರುತಿ ತಪ್ಪದಂತೆ ಪೂರ್ತಿ ಹಾಡು ನುಡಿಸುವುದು ಹುಡುಗಾಟವಲ್ಲ. ಅಮೆರಿಕದ ಟಿವಿಯಲ್ಲೂ ಅವರು ಎಲೆ ನುಡಿಸಿದರು. 'ಎಲೆ ನುಡಿಸಬಲ್ಲ ಏಕೈಕ ವ್ಯಕ್ತಿ' ಎಂದು ಗಿನ್ನೆಸ್ ಗುರುತಿಸಿತು ಎಂದೂ ಬರೆಯುತ್ತಾರೆ. ಇದನ್ನು ಕಣ್ಣುಮುಚ್ಚಿ ನಂಬಬೇಡಿ: ಆಸ್ಟ್ರೇಲಿಯಾದ ಮೂಲನಿವಾಸಿಗಳಲ್ಲೂ ನೀಲಗಿರಿ ಜಾತಿಯ ಎಲೆ ನುಡಿಸುವ ರೂಢಿಯಿದೆ.