ಲೆಫ್ಟ್ ಟ್ಯಾಕಲ್ ಹಿಂದಕ್ಕೇ ಏಕೆ ಸರಿಯುತ್ತಾನೆ? ಜೋ ಥಾಮಸ್ ಆಟವನ್ನು ಓದಲು ಒಂದು ಅಧ್ಯಯನ ಟಿಪ್ಪಣಿ

ಅಮೆರಿಕನ್ ಫುಟ್‌ಬಾಲ್ ಕಲಿಯುವವರಿಗೆ ಚೆಂಡು ಎಸೆಯುವ ಕ್ವಾರ್ಟರ್‌ಬ್ಯಾಕ್ ಬೇಗ ಅರ್ಥವಾಗುತ್ತಾನೆ. ಅವನ ಮುಂದೆ ನಿಂತು ಎದುರಾಳಿಗಳನ್ನು ತಡೆಯುವ ಅಫೆನ್ಸಿವ್ ಲೈನ್‌ಮನ್ ಆಗುವುದಿಲ್ಲ. ಅವನು ಚೆಂಡು ಎಸೆಯುವುದಿಲ್ಲ, ಹಿಡಿಯುವುದಿಲ್ಲ, ಅವನ ಹೆಸರಿನ ಮುಂದೆ ಗಜಗಳ ಲೆಕ್ಕವಿರುವುದಿಲ್ಲ. ಅದಕ್ಕೇ ಇಲ್ಲಿ ಒಬ್ಬನೇ ಆಟಗಾರನನ್ನು ಹಿಡಿದುಕೊಂಡಿದ್ದೇನೆ: 2007ರಿಂದ 2017ರವರೆಗೆ ಕ್ಲೀವ್‌ಲ್ಯಾಂಡ್ ಬ್ರೌನ್ಸ್ ತಂಡದ ಲೆಫ್ಟ್ ಟ್ಯಾಕಲ್ ಆಗಿದ್ದ, 73ನೇ ನಂಬರಿನ ಜೋ ಥಾಮಸ್. ಪಾಸ್ ಆಟದಲ್ಲಿ (ಚೆಂಡನ್ನು ಮುಂದಕ್ಕೆ ಎಸೆಯುವ ಆಟದಲ್ಲಿ) ಅವರು ಹಿಂದಕ್ಕೆ ಇಡುವ ಮೂರು ಹೆಜ್ಜೆ ಅರ್ಥವಾದರೆ ಅವರ ಇಡೀ ವೃತ್ತಿಜೀವನ ಏಕೆ ಅಷ್ಟು ದೊಡ್ಡದು ಎನ್ನುವುದೂ ಅರ್ಥವಾಗುತ್ತದೆ.

ಮೊದಲು ಬೇಕಾದಷ್ಟು ನಿಯಮ

ಚೆಂಡು ಇರುವ ಗೆರೆಯ ಮೇಲೆ ಅಫೆನ್ಸ್ (ಚೆಂಡು ಕೈಯಲ್ಲಿರುವ ತಂಡ) ಕಡೆಯ ಕನಿಷ್ಠ ಏಳು ಜನ ನಿಲ್ಲಬೇಕು. ಅವರಲ್ಲಿ ಮಧ್ಯದ ಐವರು ಲೈನ್‌ಮನ್‌ಗಳು: ನಡುವೆ ಸೆಂಟರ್, ಅವನ ಎರಡೂ ಪಕ್ಕ ಗಾರ್ಡ್, ಅವರ ಹೊರಗೆ ಟ್ಯಾಕಲ್. 50ರಿಂದ 79ರವರೆಗಿನ ನಂಬರ್ ಇವರದು. ರೆಫರಿಗೆ ಮೊದಲೇ ತಿಳಿಸದೆ ಇವರು ಪಾಸ್ ಹಿಡಿಯುವಂತಿಲ್ಲ. ಚೆಂಡು ಕೈಬಿಡುವ ಮೊದಲು ಗೆರೆಯಿಂದ ಒಂದು ಗಜಕ್ಕಿಂತ ಮುಂದೆ ಹೋಗುವಂತೆಯೂ ಇಲ್ಲ (ಇದು ಅಮೆರಿಕದ ವೃತ್ತಿಪರ ಲೀಗ್ ಎನ್‌ಎಫ್‌ಎಲ್‌ನ ನಿಯಮ, ಕಾಲೇಜಿನಲ್ಲಿ ಮೂರು ಗಜ). ಸ್ನ್ಯಾಪ್‌ಗೆ (ಸೆಂಟರ್ ಚೆಂಡನ್ನು ಹಿಂದಕ್ಕೆ ಕೊಟ್ಟು ಆಟ ಶುರುಮಾಡುವ ಕ್ಷಣಕ್ಕೆ) ಮೊದಲೇ ಕದಲಿದರೆ ಫಾಲ್ಸ್ ಸ್ಟಾರ್ಟ್, 5 ಗಜ ಹಿಂದಕ್ಕೆ. ಎದುರಾಳಿಯನ್ನು ಹಿಡಿದೆಳೆದರೆ ಹೋಲ್ಡಿಂಗ್, 10 ಗಜ. ಅದೇ ಹೋಲ್ಡಿಂಗ್ ತನ್ನದೇ ಎಂಡ್ ಝೋನ್‌ನಲ್ಲಿ (ತನ್ನ ಗೋಲ್ ಗೆರೆಯ ಹಿಂದಿನ ಜಾಗದಲ್ಲಿ) ಆದರೆ ಸೇಫ್ಟಿ, ಎದುರಾಳಿಗೆ ಎರಡು ಪಾಯಿಂಟ್.

ಬಲಗೈಯ ಕ್ವಾರ್ಟರ್‌ಬ್ಯಾಕ್ ಎಸೆಯಲು ನಿಂತಾಗ ಅವನ ಬೆನ್ನು ಎಡಕ್ಕಿರುತ್ತದೆ. ಅಲ್ಲಿಂದ ಬರುವವನು ಅವನಿಗೆ ಕಾಣುವುದಿಲ್ಲ. 1985ರ ನವೆಂಬರ್ 18ರಂದು ನ್ಯೂಯಾರ್ಕ್ ಜೈಂಟ್ಸ್‌ನ ಲಾರೆನ್ಸ್ ಟೇಲರ್, ವಾಷಿಂಗ್ಟನ್‌ನ ಜೋ ಥೈಸ್‌ಮನ್ ಅವರನ್ನು ಕೆಡವಿದಾಗ ಥೈಸ್‌ಮನ್ ಕಾಲು ಮುರಿದು ಅವರ ವೃತ್ತಿಯೇ ಮುಗಿಯಿತು. ಆ ದಶಕದಿಂದ ಮುಂದೆ ಎಡಗಡೆಯ ಟ್ಯಾಕಲ್‌ಗೆ ತಂಡಗಳು ಕೊಡುವ ಬೆಲೆ ಏರುತ್ತಲೇ ಹೋಯಿತು.

ಡ್ರಾಫ್ಟ್‌ವರೆಗೆ, ಚುಟುಕಾಗಿ

ಥಾಮಸ್ ಹುಟ್ಟಿದ್ದು 1984ರ ಡಿಸೆಂಬರ್ 4ರಂದು, ವಿಸ್ಕಾನ್ಸಿನ್ ರಾಜ್ಯದ ಬ್ರೂಕ್‌ಫೀಲ್ಡ್‌ನಲ್ಲಿ. ವಿಸ್ಕಾನ್ಸಿನ್ ವಿಶ್ವವಿದ್ಯಾಲಯದಲ್ಲಿ ಫುಟ್‌ಬಾಲ್ ಜೊತೆಗೆ ಗುಂಡು ಎಸೆತ, ಚಕ್ರ ಎಸೆತವನ್ನೂ ಮಾಡುತ್ತಿದ್ದರು. ಇದು ಪಕ್ಕದ ಮಾಹಿತಿಯಂತೆ ಕಂಡರೂ ಹಾಗಲ್ಲ: ಸೊಂಟ ತಗ್ಗಿಸಿ, ನೆಲವನ್ನು ತಳ್ಳಿ, ಸಣ್ಣ ವೃತ್ತದೊಳಗೆ ಸಮತೋಲ ಕಾಯುವ ಅಭ್ಯಾಸ ಎರಡೂ ಕಡೆ ಒಂದೇ. 2006ರ ಜನವರಿಯ ಕ್ಯಾಪಿಟಲ್ ಒನ್ ಬೌಲ್ ಎಂಬ ಕಾಲೇಜು ಪಂದ್ಯದಲ್ಲಿ ಡಿಫೆನ್ಸ್ ಕಡೆ ಆಡುವಾಗ ಮೊಣಕಾಲಿನ ಎಸಿಎಲ್ ಎಂಬ ಅಸ್ಥಿರಜ್ಜು ಹರಿಯಿತು. ಅದೇ ವರ್ಷದ ಕೊನೆಗೆ ದೇಶದ ಅತ್ಯುತ್ತಮ ಕಾಲೇಜು ಲೈನ್‌ಮನ್‌ಗೆ ಸಲ್ಲುವ ಔಟ್‌ಲ್ಯಾಂಡ್ ಟ್ರೋಫಿ ಅವರ ಕೈಯಲ್ಲಿತ್ತು. ಡ್ರಾಫ್ಟ್‌ಗೆ (ಎನ್‌ಎಫ್‌ಎಲ್ ತಂಡಗಳು ಸರದಿಯಂತೆ ಕಾಲೇಜು ಆಟಗಾರರನ್ನು ಆರಿಸಿಕೊಳ್ಳುವ ಸಮಾರಂಭಕ್ಕೆ) ಮುಂಚಿನ ಪರೀಕ್ಷೆಯಲ್ಲಿ 40 ಗಜವನ್ನು 4.92 ಸೆಕೆಂಡಿನಲ್ಲಿ ಓಡಿದರು. 6 ಅಡಿ 6 ಅಂಗುಲ ಎತ್ತರ, 140 ಕಿಲೋ ಆಸುಪಾಸಿನ ಮೈ ಹೊತ್ತು ಆ ಓಟ.

2007ರ ಡ್ರಾಫ್ಟ್‌ನಲ್ಲಿ ಮೊದಲು ಜಮಾರ್ಕಸ್ ರಸೆಲ್, ಆಮೇಲೆ ಕ್ಯಾಲ್ವಿನ್ ಜಾನ್ಸನ್, ಮೂರನೆಯವರು ಥಾಮಸ್. ಸಮಾರಂಭಕ್ಕೆ ಅವರು ನ್ಯೂಯಾರ್ಕ್‌ಗೆ ಹೋಗಲಿಲ್ಲ. ಆ ಹೊತ್ತಿಗೆ ತಂದೆಯ ಜೊತೆ ಮಿಷಿಗನ್ ಸರೋವರದಲ್ಲಿ ಮೀನು ಹಿಡಿಯುತ್ತಿದ್ದರು.

ಹಿಂದಕ್ಕೆ ಹೋಗುವ ಲೆಕ್ಕ

ಇದೇ ತಲೆ ತಿನ್ನುವ ಭಾಗ. ಎದುರಾಳಿ ರಷರ್ (ಕ್ವಾರ್ಟರ್‌ಬ್ಯಾಕ್ ಮೇಲೆ ನುಗ್ಗಿ ಬರುವವನು) ಹೊರಗಡೆ, ದೂರದಲ್ಲಿ ನಿಂತಿದ್ದಾನೆ. ಹಾಗಿದ್ದರೆ ಟ್ಯಾಕಲ್ ಅವನ ಕಡೆಗೇ ಹೋಗಿ ತಡೆಯಬೇಕಲ್ಲವೇ? ಬೆನ್ನ ಕಡೆಗೆ ಏಕೆ ಸರಿಯುತ್ತಾನೆ? ಉತ್ತರ ಕಾಗದದ ಮೇಲೆ ಗೆರೆ ಎಳೆದರೆ ಮಾತ್ರ ಸಿಗುತ್ತದೆ. ಚೌಕುಳಿ ಹಾಳೆ ತೆಗೆದುಕೊಳ್ಳಿ, ಒಂದು ಚೌಕ ಒಂದು ಗಜ.

ಸೆಂಟರ್ ಇರುವ ಜಾಗ ಸೊನ್ನೆ. ಗಾರ್ಡ್ ಅವನ ಎಡಕ್ಕೆ ಒಂದೂವರೆ ಗಜ, ಲೆಫ್ಟ್ ಟ್ಯಾಕಲ್ ಎಡಕ್ಕೆ 3 ಗಜ. ಕ್ವಾರ್ಟರ್‌ಬ್ಯಾಕ್ ಸೆಂಟರ್‌ನ ನೇರ ಹಿಂದೆ 8 ಗಜದಲ್ಲಿ ನಿಂತು ಎಸೆಯುತ್ತಾನೆ ಎಂದುಕೊಳ್ಳೋಣ. ಕ್ರಿಕೆಟ್ ಪಿಚ್ 22 ಗಜ. ಅದರ ಮೂರನೇ ಒಂದು ಭಾಗಕ್ಕಿಂತ ಸ್ವಲ್ಪ ಹೆಚ್ಚು ಅಷ್ಟೆ. ರಷರ್ ಸೆಂಟರ್‌ನಿಂದ 5 ಗಜ ಎಡಕ್ಕೆ, ಗೆರೆಯ ಆಚೆ ಒಂದು ಗಜದಲ್ಲಿ ಬಗ್ಗಿ ನಿಂತಿದ್ದಾನೆ.

ಈಗ ರಷರ್‌ನಿಂದ ಕ್ವಾರ್ಟರ್‌ಬ್ಯಾಕ್‌ಗೆ ನೇರ ಗೆರೆ ಎಳೆಯಿರಿ. ಉದ್ದ ಸುಮಾರು 10.3 ಗಜ. ಗೆರೆ ಟ್ಯಾಕಲ್ ನಿಂತ ಜಾಗದ ಮೇಲೆ ಹಾಯುವುದಿಲ್ಲ. ಅವನ ನೇರ ಹಿಂದೆ 2.6 ಗಜದಲ್ಲಿ ಹಾಯುತ್ತದೆ. ಎಂದರೆ ಟ್ಯಾಕಲ್ ಎಡಕ್ಕೆ ಒಂದಿಂಚೂ ಹೋಗದೆ, ಬರೀ 2.6 ಗಜ ಹಿಂದೆ ಸರಿದರೆ ಶತ್ರುವಿನ ಅತಿ ಹತ್ತಿರದ ದಾರಿಯ ಮೇಲೆ ಸರಿಯಾಗಿ ಕೂತಿರುತ್ತಾನೆ. ಅಲ್ಲಿಗೆ ಬರಲು ರಷರ್ 4.1 ಗಜ ಓಡಬೇಕು. ಟ್ಯಾಕಲ್‌ಗೆ ಕಡಿಮೆ ದೂರ, ಆದರೆ ಹಿಂದುಮುಂದಾದ ನಡಿಗೆ. ಮುಂದಕ್ಕೆ ಓಡುವವನಿಗೂ ಹಿಂದಕ್ಕೆ ಸರಿಯುವವನಿಗೂ ಇರುವ ವೇಗದ ಅಂತರವನ್ನು ಈ ಕಡಿಮೆ ದೂರ ತುಂಬಿಕೊಡುತ್ತದೆ.

ಈಗ ಅದೇ ಹಾಳೆಯಲ್ಲಿ ತಪ್ಪು ದಾರಿಗಳನ್ನು ಹಾಕಿ ನೋಡಿ. ಅಲ್ಲೇ ವಿಷಯ ಗಟ್ಟಿಯಾಗುವುದು.

ಟ್ಯಾಕಲ್ 2 ಗಜ ಎಡಕ್ಕೆ ನುಗ್ಗಿ ರಷರ್ ಎದುರಿಗೇ ನಿಂತ ಎಂದುಕೊಳ್ಳಿ. ಗಾರ್ಡ್‌ಗೂ ಅವನಿಗೂ ನಡುವೆ ಇದ್ದ ಒಂದೂವರೆ ಗಜದ ಸಂದು ಮೂರೂವರೆ ಗಜವಾಯಿತು. ರಷರ್ ಒಂದು ಹೆಜ್ಜೆ ಒಳಕ್ಕೆ ಕತ್ತರಿಸಿದರೆ ಕ್ವಾರ್ಟರ್‌ಬ್ಯಾಕ್‌ವರೆಗೆ ಬಯಲು. ಲೈನ್ ಕೋಚ್‌ಗಳು ಓವರ್‌ಸೆಟ್ ಎನ್ನುವುದು ಇದನ್ನೇ. ಒಳಗಿನಿಂದ ಸೋಲುವುದು ಹೊರಗಿನಿಂದ ಸೋಲುವುದಕ್ಕಿಂತ ಕೆಟ್ಟದ್ದು, ಏಕೆಂದರೆ ಒಳದಾರಿ ಚಿಕ್ಕದು ಮತ್ತು ಕ್ವಾರ್ಟರ್‌ಬ್ಯಾಕ್ ಮುಂದೆ ಹೆಜ್ಜೆಯಿಟ್ಟು ತಪ್ಪಿಸಿಕೊಳ್ಳುವ ಜಾಗವನ್ನೇ ಅದು ಮುಚ್ಚುತ್ತದೆ.

ಹೆದರಿ 5 ಗಜ ಹಿಂದಕ್ಕೆ ಓಡಿದರೆ? ಆ ಆಳದಲ್ಲಿ ಗೆರೆ ಸೆಂಟರ್‌ನಿಂದ 1.7 ಗಜ ಎಡಕ್ಕಿದೆ. ಟ್ಯಾಕಲ್ ತನ್ನ 3 ಗಜದಲ್ಲೇ ಉಳಿದಿದ್ದರೆ ಮತ್ತೆ ಒಳಗಡೆ ತೆರೆದುಕೊಂಡಿತು. ಗೆರೆಯ ಮೇಲೇ ನಿಂತರೂ ಕ್ವಾರ್ಟರ್‌ಬ್ಯಾಕ್ ಅವನ ಹಿಂದೆ 3.4 ಗಜದಲ್ಲಿದ್ದಾನೆ. ರಷರ್ ಎದೆಗೆ ಕೈಯಿಟ್ಟು ನೂಕಿದರೆ, ಅಂದರೆ ಬುಲ್ ರಷ್ ಮಾಡಿದರೆ, ಕ್ವಾರ್ಟರ್‌ಬ್ಯಾಕ್‌ನ ಮೇಲೆ ಬೀಳುವುದು ಟ್ಯಾಕಲ್‌ನೇ. 2.6 ಗಜದಲ್ಲಿ ನಿಂತಿದ್ದರೆ ಹಿಂದೆ 6.2 ಗಜ ಉಳಿದಿರುತ್ತಿತ್ತು. ಹತ್ತಿರ ಹತ್ತಿರ ಎರಡರಷ್ಟು ಜಾಗ.

ಇನ್ನೊಂದು ಸೂಕ್ಷ್ಮ ಇದೆ. ಟ್ಯಾಕಲ್ ಗೆರೆಯ ನಟ್ಟನಡುವೆ ನಿಲ್ಲುವುದಿಲ್ಲ, ಅರ್ಧ ಮೈಯಷ್ಟು ಒಳಕ್ಕೆ ನಿಲ್ಲುತ್ತಾನೆ. ಅವನ ಮೂಗು ರಷರ್‌ನ ಒಳಗಿನ ಭುಜದ ನೇರಕ್ಕಿರಬೇಕು. ಚಿಕ್ಕ ದಾರಿ ಮುಚ್ಚಿ, ಉದ್ದದ ದಾರಿಯನ್ನು ಬೇಕೆಂದೇ ಬಿಡುವುದು. ರಷರ್ ಹೊರಗಿನಿಂದ ಸುತ್ತಿಕೊಂಡು ಬಂದರೆ ಅವನನ್ನು ಕ್ವಾರ್ಟರ್‌ಬ್ಯಾಕ್‌ನ ಹಿಂದಕ್ಕೆ ತಳ್ಳಿಕೊಂಡೇ ಹೋದರಾಯಿತು, ಕ್ವಾರ್ಟರ್‌ಬ್ಯಾಕ್ ಒಂದು ಹೆಜ್ಜೆ ಮುಂದೆ ಬಂದು ಎಸೆಯುತ್ತಾನೆ.

ಎಲ್ಲಕ್ಕಿಂತ ಕಷ್ಟದ ಮಾತು ಮುಂದಿದೆ. ಈ ಗೆರೆಯ ಒಂದು ತುದಿ ಟ್ಯಾಕಲ್‌ನ ಕಣ್ಣೆದುರು ಇದೆ, ಇನ್ನೊಂದು ತುದಿ ಬೆನ್ನ ಹಿಂದೆ. ಕ್ವಾರ್ಟರ್‌ಬ್ಯಾಕ್ 8 ಗಜದ ಬದಲು 10 ಗಜಕ್ಕೆ ಹೋದರೆ ಟ್ಯಾಕಲ್ ನಿಲ್ಲಬೇಕಾದ ಜಾಗ 2.6ರಿಂದ 3.4 ಗಜಕ್ಕೆ ಜಾರುತ್ತದೆ. ಅದು ತಿಳಿಯದೆ ಅವನು 2.6ರಲ್ಲೇ ಕೂತರೆ ನೇರ ದಾರಿ ಅವನ ಹೊರಗಡೆ ಒಂದು ಅಡಿಗೂ ತುಸು ಹೆಚ್ಚು ದೂರದಲ್ಲಿ ಹಾಯುತ್ತದೆ. ಒಂದು ಭುಜ ತೂರಲು ಅಷ್ಟು ಸಾಕು. ಸ್ಯಾಕ್ ಆದಾಗ (ಎಸೆಯುವ ಮೊದಲೇ ಕ್ವಾರ್ಟರ್‌ಬ್ಯಾಕ್‌ನನ್ನು ಕೆಡವಿದಾಗ) ಟಿವಿಯಲ್ಲಿ ಟ್ಯಾಕಲ್ ಸೋತಂತೆ ಕಾಣುತ್ತದೆ. ಅವನು ತನ್ನ ಜಾಗದಲ್ಲೇ ಇದ್ದ, ಗೆರೆ ಸರಿದಿತ್ತು.

ಕಾಲು, ಕೈ

ಆ 2.6 ಗಜ ಎಂದರೆ ಎಂಟು ಅಡಿಗೆ ತುಸು ಕಡಿಮೆ. ಇದನ್ನು ಮೂರು ಕಿಕ್ ಸ್ಲೈಡ್‌ಗಳಲ್ಲಿ ಮುಗಿಸಬೇಕು. ಲೆಫ್ಟ್ ಟ್ಯಾಕಲ್‌ನ ಎಡಗಾಲು ಮೊದಲೇ ಸ್ವಲ್ಪ ಹಿಂದಿರುತ್ತದೆ. ಸ್ನ್ಯಾಪ್ ಆದ ಕೂಡಲೇ ಬಲಗಾಲಿನ ಒಳಪಾದದಿಂದ ನೆಲ ತಳ್ಳುತ್ತಾನೆ, ಎಡಗಾಲು ಹಿಂದಕ್ಕೆ ಜಿಗಿಯುತ್ತದೆ, ಬಲಗಾಲು ನೆಲಕ್ಕೆ ಅಂಟಿಕೊಂಡಂತೆ ಅಷ್ಟೇ ದೂರ ಜಾರಿಕೊಂಡು ಬರುತ್ತದೆ. ಹಿಮ್ಮಡಿಗಳು ಎಂದೂ ತಾಗಬಾರದು, ಕಾಲುಗಳು ಅಡ್ಡವಾಗಬಾರದು. ತಾಗಿದ ಆ ಕ್ಷಣದಲ್ಲಿ 140 ಕಿಲೋದ ಮನುಷ್ಯ ಒಂದೇ ಕಂಬದ ಮೇಲೆ ನಿಂತಿರುತ್ತಾನೆ, ಅಂಗೈಯಲ್ಲಿ ತಳ್ಳಿದರೂ ಬೀಳುತ್ತಾನೆ. ಸೊಂಟವನ್ನು ಹೊರಕ್ಕೆ ತಿರುಗಿಸುವುದೂ ಅಷ್ಟೇ ಅಪಾಯ: ಎದೆ ರಷರ್ ಕಡೆ ಉಳಿಯದೆ ಪಕ್ಕಕ್ಕೆ ತಿರುಗಿದರೆ ಒಳದಾರಿಯ ಬಾಗಿಲು ತೆಗೆದಂತೆ.

ಕೈ ಹೊಡೆತಕ್ಕೆ ಪಂಚ್ ಎನ್ನುತ್ತಾರೆ. ಮೊಣಕೈ ಪಕ್ಕೆಗೆ ಹತ್ತಿರ, ಹೆಬ್ಬೆರಳು ಮೇಲೆ, ಗುರಿ ಎದೆ. ಬೇಗ ಹೊಡೆದರೆ ರಷರ್ ಕೈಯನ್ನು ಕೆಳಕ್ಕೆ ಬಡಿದು ದಾಟಿಬಿಡುತ್ತಾನೆ. ತಡವಾದರೆ ಅವನ ಕೈ ಮೊದಲು ಎದೆಗೆ ಬಂದಿರುತ್ತದೆ. ತಲೆ ಕಾಲ್ಬೆರಳಿಗಿಂತ ಮುಂದೆ ಹೋದರೆ ಮುಗಿಯಿತು. ಎದೆಯ ಚೌಕಟ್ಟಿನೊಳಗೆ ಜೆರ್ಸಿ ಹಿಡಿದು ಕಾಲಾಡಿಸುತ್ತಿದ್ದರೆ ಅಂಪೈರ್ ಸಾಮಾನ್ಯವಾಗಿ ಬಿಡುತ್ತಾರೆ. ಹೊರಗಿನಿಂದ ತೋಳು ಸುತ್ತಿ ಅವನ ದಿಕ್ಕು ಬದಲಿಸಿದರೆ ದಂಡದ ಬಾವುಟ ಬೀಳುತ್ತದೆ. ಆದ್ದರಿಂದ ಹೋಲ್ಡಿಂಗ್ ಬಹುಪಾಲು ಕೈಯ ತಪ್ಪಲ್ಲ, ಕಾಲು ತಡವಾದದ್ದಕ್ಕೆ ಕೈ ಕಟ್ಟುವ ದಂಡ.

10,363

ಈಗ ವೃತ್ತಿಜೀವನದ ಅಂಕಿಗಳನ್ನು ಮೇಲಿನ ಲೆಕ್ಕದ ಜೊತೆಗೆ ಓದಿ. ಥಾಮಸ್ ತಮ್ಮ ಮೊದಲ ಪಂದ್ಯದಿಂದ ಸತತ 10,363 ಸ್ನ್ಯಾಪ್ ಆಡಿದರು, ನಡುವೆ ಒಂದನ್ನೂ ಬಿಡಲಿಲ್ಲ. 1999ರಿಂದ ಲೀಗ್ ಸ್ನ್ಯಾಪ್ ಎಣಿಸಲು ತೊಡಗಿದ ಮೇಲೆ ಇಷ್ಟು ಉದ್ದದ ಸರಣಿ ಇನ್ನೊಂದು ದಾಖಲಾಗಿಲ್ಲ. 167 ಪಂದ್ಯಗಳಿಗೆ ಭಾಗಿಸಿದರೆ ಪಂದ್ಯಕ್ಕೆ 62. ಪಂದ್ಯ ತಪ್ಪಿಸದ ಲೈನ್‌ಮನ್‌ಗಳು ಹಲವರಿದ್ದಾರೆ; ಶೂ ದಾರ ಕಿತ್ತುಹೋದರೂ, ಬೆರಳು ಕೀಲು ತಪ್ಪಿದರೂ, ಪಂದ್ಯ ಕೈಬಿಟ್ಟುಹೋದ ಕೊನೆಯ ನಿಮಿಷಗಳಲ್ಲೂ ಒಂದೇ ಒಂದು ಸ್ನ್ಯಾಪ್ ಹೊರಗೆ ಕೂರದಿರುವುದು ಬೇರೆಯೇ ಮಾತು.

ಬ್ರೌನ್ಸ್‌ನಲ್ಲಿ ಪಂದ್ಯ ಕೈಬಿಟ್ಟುಹೋಗುವುದು ಅಪರೂಪವಾಗಿರಲಿಲ್ಲ. ಮೊದಲ ವರ್ಷ ತಂಡ 10 ಗೆದ್ದು 6 ಸೋತಿತು, ಆದರೂ ಪ್ಲೇಆಫ್ ತಪ್ಪಿತು. ಆಮೇಲೆ ಸೋಲಿಗಿಂತ ಗೆಲುವು ಹೆಚ್ಚಾದ ಒಂದು ಸೀಸನ್ ಕೂಡ ಅವರಿಗೆ ಸಿಗಲಿಲ್ಲ. 2016ರಲ್ಲಿ ಒಂದೇ ಗೆಲುವು, 2017ರಲ್ಲಿ ಸೊನ್ನೆ. ಹನ್ನೊಂದು ಸೀಸನ್‌ಗಳಲ್ಲಿ ತಂಡಕ್ಕೆ 48 ಗೆಲುವು, 128 ಸೋಲು. ಅವರು ಒಂದೂ ಪ್ಲೇಆಫ್ ಪಂದ್ಯ ಆಡಲಿಲ್ಲ.

ಈ ಅವಧಿಯಲ್ಲಿ ಆರು ಹೆಡ್ ಕೋಚ್‌ಗಳು ಬಂದುಹೋದರು: ಕ್ರೆನೆಲ್, ಮ್ಯಾಂಜಿನಿ, ಶರ್ಮರ್, ಚುಡ್ಜಿನ್ಸ್ಕಿ, ಪೆಟೈನ್, ಹ್ಯೂ ಜಾಕ್ಸನ್. ಚಾರ್ಲಿ ಫ್ರೈ ಮೊದಲ್ಗೊಂಡು ಕೆವಿನ್ ಹೋಗನ್‌ವರೆಗೆ ಇಪ್ಪತ್ತು ಕ್ವಾರ್ಟರ್‌ಬ್ಯಾಕ್‌ಗಳು ಅವರ ಹಿಂದೆ ನಿಂತು ಪಂದ್ಯ ಶುರುಮಾಡಿದರು. ಈ ಇಪ್ಪತ್ತು ಎನ್ನುವುದನ್ನು ಜನ ತಂಡದ ದುರವಸ್ಥೆಗೆ ಉದಾಹರಣೆಯಾಗಿ ಹೇಳುತ್ತಾರೆ. ಚೌಕುಳಿ ಹಾಳೆ ಎದುರಿಟ್ಟುಕೊಂಡು ನೋಡಿ: ಬೆನ್ನ ಹಿಂದಿನ ತುದಿ ಇಪ್ಪತ್ತು ಸಲ ಜಾಗ ಬದಲಿಸಿತು. ಒಬ್ಬ 7 ಗಜದಲ್ಲೇ ನಿಲ್ಲುತ್ತಾನೆ, ಇನ್ನೊಬ್ಬ ಒತ್ತಡ ಬಂದರೆ ಹಿಂದಕ್ಕೆ ಜಾರುತ್ತಾನೆ, ಮತ್ತೊಬ್ಬ ಎಡಕ್ಕೆ ಓಡಿ ತನ್ನ ಟ್ಯಾಕಲ್‌ನ ಬೆನ್ನಿಗೇ ಬರುತ್ತಾನೆ. ಪ್ರತಿಯೊಬ್ಬನಿಗೂ 2.6 ಎನ್ನುವ ಅಂಕಿ ಬೇರೆ. ಹೀಗಿದ್ದೂ ಮೊದಲ ಹತ್ತು ಸೀಸನ್‌ಗಳಲ್ಲೂ ಥಾಮಸ್ ಲೀಗ್‌ನ ತಾರೆಯರ ಪ್ರೊ ಬೌಲ್‌ಗೆ ಆಯ್ಕೆಯಾದರು, ಆರು ಸಲ ವರ್ಷದ ಅತ್ಯುತ್ತಮ ಆಟಗಾರರ ಮೊದಲ ಆಲ್-ಪ್ರೊ ತಂಡಕ್ಕೆ. ಗೆದ್ದ ತಂಡದ ಬೆಳಕು ಬೀಳದ ಲೈನ್‌ಮನ್‌ಗೆ ಇಷ್ಟು ಮತ ಬಿದ್ದದ್ದು ನನ್ನ ಲೆಕ್ಕದಲ್ಲಿ ಯಾವ ಚಾಂಪಿಯನ್‌ಶಿಪ್ ಉಂಗುರಕ್ಕೂ ಕಡಿಮೆಯಲ್ಲ.

ಕೊನೆ

2017ರ ಅಕ್ಟೋಬರ್ 22, ಟೆನೆಸಿ ಟೈಟನ್ಸ್ ವಿರುದ್ಧ. ಎಡತೋಳಿನ ಟ್ರೈಸೆಪ್ಸ್ ಹರಿಯಿತು. ಮೊಣಕೈಯನ್ನು ನೀಳವಾಗಿಸುವ ಸ್ನಾಯು ಅದು. ಅದಿಲ್ಲದೆ ಪಂಚ್ ಇಲ್ಲ, ಲೆಫ್ಟ್ ಟ್ಯಾಕಲ್‌ಗೆ ಹೊರಗಿನ ಕೈಯೇ ಇಲ್ಲ. ಶಸ್ತ್ರಚಿಕಿತ್ಸೆಯಾಯಿತು. 2018ರ ಮಾರ್ಚ್‌ನಲ್ಲಿ ನಿವೃತ್ತಿ ಘೋಷಿಸಿದರು. ಆಡುವಾಗ ತೂಕ ಇಳಿಯದಂತೆ ಗಂಟೆಗೊಮ್ಮೆ ಎರಡು ಗಂಟೆಗೊಮ್ಮೆ ತಿನ್ನಬೇಕಾಗಿದ್ದ ದೇಹ, ನಿವೃತ್ತಿಯ ಮೇಲೆ ಸುಮಾರು 50 ಪೌಂಡ್ ಇಳಿಯಿತು. 2023ರಲ್ಲಿ, ಅರ್ಹತೆ ಬಂದ ಮೊದಲ ವರ್ಷವೇ, ಒಹಾಯೊದ ಕ್ಯಾಂಟನ್‌ನಲ್ಲಿರುವ ಪ್ರೊ ಫುಟ್‌ಬಾಲ್ ಹಾಲ್ ಆಫ್ ಫೇಮ್ ಸೇರಿದರು.

ವಿಡಿಯೊ ನೋಡುವಾಗ

ಹಿಂದಿನಿಂದ ಚಿತ್ರೀಕರಿಸಿದ ತುಣುಕು ಹುಡುಕಿ, ಪಕ್ಕದ ಕ್ಯಾಮೆರಾದಲ್ಲಿ ಆಳ ಕಂಡರೂ ಒಳ-ಹೊರ ಕಾಣುವುದಿಲ್ಲ. ಸ್ನ್ಯಾಪ್ ಆಗುವಾಗ ಚೆಂಡು ಬಿಟ್ಟು 73ರ ಎಡಗಾಲು ನೋಡಿ. ಮೂರನೇ ಕಿಕ್ ನೆಲಕ್ಕೆ ಬಿದ್ದಲ್ಲಿ ನಿಲ್ಲಿಸಿ. ರಷರ್‌ನಿಂದ ಕ್ವಾರ್ಟರ್‌ಬ್ಯಾಕ್‌ಗೆ ಪರದೆಯ ಮೇಲೆ ಸ್ಕೇಲ್ ಇಡಿ, ಥಾಮಸ್ ಅದರ ಒಳಬದಿಗೆ ಅರ್ಧ ಮೈ ಇದ್ದಾರೆಯೇ ನೋಡಿ. ಆಮೇಲೆ ಎರಡು ಹಿಮ್ಮಡಿಗಳ ನಡುವಿನ ಅಂತರ. ಕೊನೆಗೆ ಕೈ. ಬೇರೆ ಕ್ವಾರ್ಟರ್‌ಬ್ಯಾಕ್ ಇದ್ದ ವರ್ಷದ ತುಣುಕು ತೆಗೆದು ಮತ್ತೆ ಅದೇ ಸ್ಕೇಲ್ ಇಟ್ಟರೆ, ಮೂರನೇ ಕಿಕ್ ಬೀಳುವ ಆಳ ಎಷ್ಟು ಬದಲಾಗಿದೆ ಎಂದು ಹಾಳೆಯಲ್ಲಿ ಗುರುತು ಹಾಕಿಕೊಳ್ಳಬಹುದು.