ಸೋಲುವವನ ಕತ್ತಿ: ಓಲ್ಬ್ರಿಖ್ಸ್ಕಿ ಮಾಡಿದ ಆ ಮಳೆ ಫೈಟು

ಸಿನಿಮಾ ಫೈಟರ್ ಆಗ್ಬೇಕು ಅಂತ ನನ್ನ ಹತ್ರ ಬರೋ ಹುಡುಗ್ರಿಗೆ ನಾನು ಮೊದ್ಲು ತೋರ್ಸೋದು ಪೋಲೆಂಡ್‌ನ ಒಂದು ಹಳೇ ಕತ್ತಿ ಫೈಟು. ಸಿನಿಮಾ ಹೆಸ್ರು 'ಪೊತೊಪ್', ಅಂದ್ರೆ ಮಹಾಪೂರ, 1974ರದ್ದು, ಡೈರೆಕ್ಟರ್ ಯೆಜಿ ಹಾಫ್‌ಮನ್, ಐದು ಗಂಟೆಗೂ ಜಾಸ್ತಿ ಇದೆ, ಆಸ್ಕರ್‌ಗೂ ನಾಮಿನೇಟ್ ಆಗಿತ್ತು. ಅದ್ರಲ್ಲಿ ಕ್ಮಿಚಿತ್ಸ್ ಅನ್ನೋ ಪುಂಡ ಯೋಧನ ಪಾತ್ರ ಡ್ಯಾನಿಯಲ್ ಓಲ್ಬ್ರಿಖ್ಸ್ಕಿ ಅವ್ರದ್ದು. ಜೋರು ಮಳೆ, ಕಾಲಡಿ ಕೆಸರು, ಎದುರಿಗೆ ವೊವೊದಿಯೊವ್ಸ್ಕಿ ಅನ್ನೋ ಕುಳ್ಳ ವ್ಯಕ್ತಿ, ಆ ಪಾತ್ರ ಮಾಡಿದ್ದು ತದೇಉಷ್ ವೊಮ್ನಿತ್ಸ್ಕಿ.

ಹೀರೋ ಗೆಲ್ಲೋ ಫೈಟ್ ಕಂಪೋಸ್ ಮಾಡೋದು ದೊಡ್ಡ ವಿಷ್ಯ ಅಲ್ಲ. ಇಲ್ಲಿ ಹೀರೋನೇ ಸೋಲ್ತಾನೆ, ಅದೂ ಮರ್ಯಾದೆ ಕಳ್ಕೊಂಡು. ಓಲ್ಬ್ರಿಖ್ಸ್ಕಿ ಭುಜದಿಂದ ಬೀಸ್ತಾರೆ, ಇಡೀ ಮೈ ಆ ಏಟಿನ ಹಿಂದೆ ಹೋಗುತ್ತೆ, ಆ ಕಡೆ ವೊಮ್ನಿತ್ಸ್ಕಿ ಮಣಿಕಟ್ಟಲ್ಲೇ ಎಲ್ಲಾನೂ ತಡೀತಾ ಆರಾಮಾಗಿ ನಿಂತಿರ್ತಾರೆ. ಕತ್ತಿ ಕೈಯಿಂದ ಹಾರುತ್ತೆ, ಎತ್ಕೋ ಅಂತಾನೆ ಎದುರಾಳಿ. ಎತ್ಕೊಂಡ ಮೇಲೆ ಅದೇ ಮನುಷ್ಯ ಬೇರೆ ಥರ ಬೀಸ್ತಾನೆ. ಮೊದ್ಲು ಕೊಬ್ಬು, ಆಮೇಲೆ ಸಿಟ್ಟು, ಆಮೇಲೆ ಭಯ, ಇಷ್ಟೂ ಕತ್ತಿಯಲ್ಲೇ ಕಾಣುತ್ತೆ. ಡೂಪ್ ಹಾಕಿದ್ರೆ ಕ್ಯಾಮೆರಾ ಬೆನ್ನಿನ ಕಡೆ ಹೋಗ್ಬೇಕು, ಮುಖಾನ ಬೇರೆ ಶಾಟಲ್ಲಿ ತೆಗೀಬೇಕು, ಆಗ ಈ ಬದಲಾವಣೆ ಅಲ್ಲಲ್ಲೇ ತುಂಡಾಗಿ ಹೋಗುತ್ತೆ.

ಇನ್ನೊಂದು, ಬೇಕಂತಲೇ ಒರಟಾಗಿ ಬೀಸೋಕೆ ಮೊದ್ಲು ಸರಿಯಾಗಿ ಬೀಸೋಕೆ ಬರ್ಬೇಕು. ನೋಡೋರಿಗೆ ಹುಚ್ಚು ಏಟು ಅನ್ಸಿದ್ರೂ ಎದುರಿಗಿರೋನಿಗೆ ಅದು ಎಲ್ಲಿ ಬರುತ್ತೆ ಅಂತ ಕರೆಕ್ಟಾಗಿ ಗೊತ್ತಿರ್ಬೇಕು, ಇಲ್ಲಾಂದ್ರೆ ಕೆಸರಲ್ಲಿ ಅರ್ಧ ಹೆಜ್ಜೆ ಜಾರಿದ್ರೂ ಕಣ್ಣು ಹೋಗುತ್ತೆ. ಒದ್ದೆ ಹಿಡಿಯಲ್ಲಿ ಬಾಗಿದ ಕತ್ತಿ ತಿರುಗಿಬಿಡೋದು ನಮ್ಗೆಲ್ಲಾ ಗೊತ್ತಿರೋದೇ.

ಓಲ್ಬ್ರಿಖ್ಸ್ಕಿ ಹುಟ್ಟಿದ್ದು 1945ರಲ್ಲಿ, ವೊವಿಚ್ ಊರಲ್ಲಿ. 20ನೇ ವಯಸ್ಸಿಗೇ ಪೋಲೆಂಡ್‌ನ ದೊಡ್ಡ ಡೈರೆಕ್ಟರ್ ಆಂಡ್ರೇ ವಾಯ್ದಾ ಸಿನಿಮಾದಲ್ಲಿ ದೊಡ್ಡ ಪಾತ್ರ. ಕುದುರೆ, ಕತ್ತಿ ಎರಡೂ ಬರ್ತಿತ್ತು. 1969ರಲ್ಲಿ ಹಾಫ್‌ಮನ್ ಸಿನಿಮಾದಲ್ಲೇ ಅಜ್ಯಾ ಅನ್ನೋ ತಾತಾರ ಜನಾಂಗದ ವಿಲನ್ ಮಾಡಿದ್ರು, ಅದ್ಕೇ ಕ್ಮಿಚಿತ್ಸ್‌ಗೆ ಇವ್ರು ಅಂದಾಗ ಪೋಲೆಂಡ್ ಜನ ಒಪ್ಪಲೇ ಇಲ್ಲ, ಪೇಪರಲ್ಲೆಲ್ಲಾ ಗಲಾಟೆ ಆಯ್ತು. ಸಿನಿಮಾ ಬಂದ್ಮೇಲೆ ಆ ಪಾತ್ರ ಅಂದ್ರೆ ಇವ್ರೇ ಅನ್ನೋ ಹಾಗಾಯ್ತು.

'ಪೊತೊಪ್' ಸೇರಿ ಪೋಲೆಂಡ್‌ನ ಕಾದಂಬರಿಕಾರ ಶೆಂಕಿಯೆವಿಚ್ ಬರೆದ ಮೂರು ಕಾದಂಬರಿಗಳನ್ನ ಹಾಫ್‌ಮನ್ ಹಿಂದು ಮುಂದಾಗಿ, ಕೊನೇದರಿಂದ ಶುರು ಮಾಡಿ ತೆಗೆದ್ರು. ಹಾಗಾಗಿ ಮೊದಲನೇ ಕಾದಂಬರಿ ಸಿನಿಮಾ ಆಗಿದ್ದು 1999ರಲ್ಲಿ, ಅದ್ರಲ್ಲಿ ಐವತ್ತು ದಾಟಿದ ಓಲ್ಬ್ರಿಖ್ಸ್ಕಿ ತುಹಾಯ್ ಬೇ ಮಾಡಿದ್ರು, ಅಂದ್ರೆ 30 ವರ್ಷದ ಹಿಂದೆ ತಾವೇ ಮಾಡಿದ್ದ ಅಜ್ಯಾನ ಅಪ್ಪ! ನಂಗೆ ಇದು ಯಾವಾಗ್ಲೂ ರೋಮಾಂಚನ ಕೊಡುತ್ತೆ.

ನನ್ನ ಪ್ರಾಕ್ಟೀಸಲ್ಲಿ ಹುಡುಗ್ರಿಗೆ ಮೊದ್ಲು ಕೊಡೋದು ಸೋಲುವವನ ಪಾತ್ರಾನೇ. ಬಿದ್ದ ಕತ್ತಿ ಎತ್ಕೊಂಡು ಮತ್ತೆ ನೆಟ್ಟಗೆ ನಿಲ್ಲೋ ಆ ಎರಡು ಸೆಕೆಂಡ್ ಸರಿ ಬರೋವರೆಗೂ ಮುಂದಿನ ಸ್ಟೆಪ್ ಹೇಳ್ಕೊಡಲ್ಲ.